ಓರೆ ಹೊಲಕ್ಕೆ ಸೆಂಟು ಎಷ್ಟು?

ಕೊಯಮತ್ತೂರು, ತಿರುಪ್ಪೂರು ಜಿಲ್ಲೆಗಳಲ್ಲಿ ಸಣ್ಣ ಜಮೀನಿನ ವ್ಯಾಪಾರವೆಂದರೆ ಸೆಂಟಿನ ಮಾತು. ಮನೆಯಲ್ಲಿ ಕನ್ನಡ, ಸಂತೆಯಲ್ಲಿ ತಮಿಳು ಆಡುವ ನಮ್ಮ ರೈತರು ಟೇಪು ಹಿಡಿದು ಬಾಯಲ್ಲೇ ಮಾಡುವ ಒಂದು ಲೆಕ್ಕವನ್ನು ನಾನು ಬಹಳ ಸಲ ಕಂಡಿದ್ದೇನೆ. ಎದುರುಬದುರು ಬದಿಗಳನ್ನು ಕೂಡಿಸು, ಅರ್ಧ ಮಾಡು, ಬಂದ ಎರಡನ್ನೂ ಗುಣಿಸು. ಆಯ್ತು, ಇಷ್ಟು ಚದರಡಿ!

ಲೆಕ್ಕ ಹಳೆಯದು. ಕ್ರಿ.ಶ. 850ರ ಸುಮಾರಿಗೆ, ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಜೈನ ಗಣಿತಜ್ಞ ಮಹಾವೀರಾಚಾರ್ಯರು ಸಂಸ್ಕೃತದ 'ಗಣಿತಸಾರಸಂಗ್ರಹ'ದಲ್ಲಿ ಇದನ್ನು ಹೇಳಿದ್ದಾರೆ. ಆದರೆ ಇದು ಬರೀ 'ವ್ಯಾವಹಾರಿಕ' ಎಂದು ಹೇಳಿ, 'ಸೂಕ್ಷ್ಮ' ಲೆಕ್ಕವನ್ನು ಬೇರೆಯೇ ಕೊಟ್ಟರು. ಅಂದಾಜು ಎಷ್ಟು ತಪ್ಪುತ್ತದೆ, ಯಾವ ಕಡೆಗೆ ತಪ್ಪುತ್ತದೆ? ಇವತ್ತು ಕಾಲೇಜಿನಲ್ಲಿ ಸಂಖ್ಯಾತ್ಮಕ ವಿಶ್ಲೇಷಣೆ ಎಂದು ಕಲಿಸುವ ಗಣಿತದ ಮುಖ್ಯ ಪ್ರಶ್ನೆಯೂ ಅದೇ.

ನಾಲ್ಕೂ ಬದಿ ನೂರು ನೂರು ಅಡಿ ಇರುವ ಹೊಲ ಅಂತಿಟ್ಟುಕೊಳ್ಳಿ. ಬಾಯಿಲೆಕ್ಕಕ್ಕೆ 10,000 ಚದರಡಿ, ಅಂದರೆ ಸುಮಾರು 23 ಸೆಂಟು. ಹೊಲ ಓರೆಯಾಗಿದ್ದು, ಮೂಲೆಯಿಂದ ಮೂಲೆಗೆ ಅಳೆದಾಗ ಒಂದು 160 ಅಡಿ, ಇನ್ನೊಂದು 120 ಅಡಿ ಬಂತೆನ್ನಿ. ಆಗ ಇರುವ ನೆಲ 9,600 ಚದರಡಿ, 22 ಸೆಂಟು ಮಾತ್ರ. ಹೆಚ್ಚುಕಮ್ಮಿ ಒಂದು ಸೆಂಟು ಗಾಳಿಯಲ್ಲಿ! ಇನ್ನೊಂದು ಸ್ವಾರಸ್ಯ, ಈ ಲೆಕ್ಕ ಎಂದೂ ಕಮ್ಮಿ ತೋರಿಸುವುದಿಲ್ಲ. ನಾಲ್ಕು ಮೂಲೆಯೂ ನೇರವಿದ್ದರೆ ಸರಿ, ಇಲ್ಲದಿದ್ದರೆ ಜಾಸ್ತಿಯೇ. ಮಾರುವವನಿಗೆ ಲಾಭ, ಕೊಳ್ಳುವವನಿಗೆ ಖೋತಾ.

ಮಹಾವೀರರ ಸೂಕ್ಷ್ಮ ಸೂತ್ರಕ್ಕೂ ನಾಲ್ಕು ಬದಿಯ ಅಳತೆ ಸಾಕು. ಆದ್ದರಿಂದ ಈ ಹೊಲಕ್ಕೆ ಅದೂ 10,000 ಎನ್ನುತ್ತದೆ. ಬದಿಗಳು ಅಷ್ಟೇ ಇದ್ದರೂ ಹೊಲ ಎಷ್ಟು ಬೇಕಾದರೂ ವಾಲಬಹುದಲ್ಲ! ಕರ್ಣ ಅಳೆಯಲೇಬೇಕು. 120 ಅಡಿಯ ಕರ್ಣ ಎಳೆದರೆ ಎರಡು ತ್ರಿಕೋನ. ಅದಕ್ಕೆ ಅವರದೇ ತ್ರಿಕೋನದ ಸೂತ್ರವಿದೆ. 100, 100, 120 ಕೂಡಿಸಿ ಅರ್ಧ ಮಾಡಿದರೆ 160. ಅದರಲ್ಲಿ ಒಂದೊಂದೇ ಬದಿ ಕಳೆದರೆ 60, 60, 40. ನಾಲ್ಕನ್ನೂ ಗುಣಿಸಿ ವರ್ಗಮೂಲ ತೆಗೆದರೆ 4,800. ಎರಡು ಸೇರಿ 9,600. ಸರ್ವೆಯವರ ಎಫ್.ಎಂ.ಬಿ. ನಕ್ಷೆಯಲ್ಲಿ ಹೊಲದೊಳಗೆ ಗೆರೆ ಎಳೆದು ತ್ರಿಕೋನ ಕಟ್ಟುವುದೂ ಇದಕ್ಕೇ.

ಬಾವಿ ತೋಡಿಸುವಾಗ ತಪ್ಪು ತಿರುಗುಮುರುಗು. 30 ಅಡಿ ಅಗಲದ ದುಂಡು ಬಾವಿಗೆ, ವೃತ್ತದ ಲೆಕ್ಕದಲ್ಲಿ ಪೈ ಬದಲು ವ್ಯಾವಹಾರಿಕ 3 ಹಿಡಿದರೆ 675 ಚದರಡಿ. ನಿಜ 707ರ ಹತ್ತಿರ. ತೋಡುವವನು ಒಂದೊಂದು ಅಡಿ ಆಳಕ್ಕೂ 32 ಘನ ಅಡಿ ಮಣ್ಣನ್ನು ಬಿಟ್ಟಿ ಎತ್ತಿದಂತೆ. ಮಹಾವೀರರು ಸೂಕ್ಷ್ಮಕ್ಕೆಂದು ಹತ್ತರ ವರ್ಗಮೂಲ ಹಿಡಿದರು. ಅದು 711 ದಾಟುತ್ತದೆ. ಅಲ್ಲಿ ನಾಲ್ಕೈದು ಅಡಿ ಕಳೆದುಕೊಳ್ಳುವವನು ಬಾವಿಯ ಯಜಮಾನ.