ಸಕ್ಕರೆಯ ದ್ವೀಪದ ನಿರ್ಣಾಯಕ ಚುನಾವಣೆ: ಮಾರಿಷಸ್, 1967

ಭಾರತದ ಉದ್ಯಮಿಗಳಿಗೆ ಮಾರಿಷಸ್ ಅಪರಿಚಿತ ದೇಶವಲ್ಲ. 1982ರ ದ್ವಿತೆರಿಗೆ ನಿವಾರಣಾ ಒಪ್ಪಂದ ಹಾಗೂ 2021ರಲ್ಲಿ ಜಾರಿಗೆ ಬಂದ ಆರ್ಥಿಕ ಸಹಕಾರ ಒಪ್ಪಂದಗಳ ಮೂಲಕ ಅದರ ಹೆಸರು ವಾಣಿಜ್ಯ ವಲಯದಲ್ಲಿ ಚಿರಪರಿಚಿತವಾಗಿದೆ. ಆದರೆ ಆ ದೇಶದ ಭವಿಷ್ಯವನ್ನು ನಿರ್ಧರಿಸಿದ 1967ರ ಸಾರ್ವತ್ರಿಕ ಚುನಾವಣೆಯ ಹಿನ್ನೆಲೆ ಅಷ್ಟಾಗಿ ಪ್ರಚಾರ ಪಡೆದಿಲ್ಲ.

ಅಂದು ಬ್ರಿಟಿಷ್ ವಸಾಹತಾಗಿದ್ದ ಈ ದ್ವೀಪದ ಜನಸಂಖ್ಯೆ 8 ಲಕ್ಷವನ್ನೂ ಮುಟ್ಟಿರಲಿಲ್ಲ. ರಫ್ತು ಆದಾಯದ ಶೇಕಡ 90ಕ್ಕೂ ಹೆಚ್ಚು ಭಾಗ ಸಕ್ಕರೆಯೊಂದರಿಂದಲೇ ಬರುತ್ತಿತ್ತು. 1951ರ ಕಾಮನ್‌ವೆಲ್ತ್ ಸಕ್ಕರೆ ಒಪ್ಪಂದದನ್ವಯ ಬ್ರಿಟನ್ ಖಚಿತ ಬೆಲೆಗೆ ಅದನ್ನು ಕೊಳ್ಳುತ್ತಿತ್ತು. ಸ್ವತಂತ್ರವಾದರೆ ಈ ಮಾರುಕಟ್ಟೆ ಉಳಿಯುವುದೇ ಎಂಬುದು ತೋಟದ ಮಾಲೀಕರಿಂದ ಕೂಲಿಕಾರರವರೆಗೆ ಎಲ್ಲರ ಬದುಕಿಗೆ ಸಂಬಂಧಿಸಿದ ಪ್ರಶ್ನೆಯಾಗಿತ್ತು.

1965ರ ಲಂಡನ್ ಸಮ್ಮೇಳನದಲ್ಲಿ ಬ್ರಿಟಿಷ್ ಸರ್ಕಾರವು ಜನಮತಗಣನೆಯ ಬೇಡಿಕೆಯನ್ನು ಒಪ್ಪದೆ, ಚುನಾವಣೆಯ ತರುವಾಯ ಹೊಸ ಶಾಸನಸಭೆಯು ಬಹುಮತದಿಂದ ಕೋರಿದಲ್ಲಿ ಸ್ವಾತಂತ್ರ್ಯ ನೀಡುವುದಾಗಿ ತಿಳಿಸಿತು. ಹೀಗಾಗಿ ಚುನಾವಣೆಯೇ ಜನಮತಗಣನೆಯ ಸ್ವರೂಪ ತಳೆಯಿತು. ಶಿವಸಾಗರ ರಾಮ್‌ಗುಲಾಮ್ ನೇತೃತ್ವದ ಮೈತ್ರಿಕೂಟ ಸ್ವಾತಂತ್ರ್ಯದ ಪರವಾಗಿತ್ತು. ಗೇಟನ್ ಡುವಾಲ್ ಮುಂದಾಳತ್ವದ ಪಿ.ಎಂ.ಎಸ್.ಡಿ. ಪಕ್ಷವು ಬ್ರಿಟನ್ನಿನೊಡನೆ ಸಹಯೋಗ ಮುಂದುವರಿಯಬೇಕೆಂದು ವಾದಿಸಿತು.

1967ರ ಆಗಸ್ಟ್ 7ರಂದು ಮತದಾನ ನಡೆಯಿತು. ಮುಖ್ಯ ದ್ವೀಪದ 20 ಕ್ಷೇತ್ರಗಳಿಂದ ತಲಾ ಮೂವರು, ರಾಡ್ರಿಗಸ್ ದ್ವೀಪದಿಂದ ಇಬ್ಬರು, ಹೀಗೆ 62 ಸದಸ್ಯರ ಆಯ್ಕೆಯಾಗಬೇಕಿತ್ತು. ಸ್ವಾತಂತ್ರ್ಯಪರ ಕೂಟಕ್ಕೆ 39, ಪಿ.ಎಂ.ಎಸ್.ಡಿ.ಗೆ 23 ಸ್ಥಾನಗಳು ದೊರೆತವು. ಆದರೆ ಸೋತ ಪಕ್ಷಕ್ಕೂ ಶೇಕಡ 40ಕ್ಕಿಂತ ಹೆಚ್ಚು ಮತಗಳು ಬಂದಿದ್ದವೆಂಬುದು ಗಮನಾರ್ಹ.

ಯಾವ ಸಮುದಾಯವೂ ಪ್ರಾತಿನಿಧ್ಯದಿಂದ ವಂಚಿತವಾಗಬಾರದೆಂದು, ಪರಾಜಿತರಲ್ಲಿ ಉತ್ತಮ ಮತ ಗಳಿಸಿದ ಎಂಟು ಮಂದಿಗೆ ಹೆಚ್ಚುವರಿ ಸ್ಥಾನ ನೀಡುವ ಏರ್ಪಾಡು ಸಂವಿಧಾನದಲ್ಲಿತ್ತು. ಈ ಸ್ಥಾನಗಳು ಎರಡೂ ಪಾಳೆಯಗಳಿಗೆ ನಾಲ್ಕರಂತೆ ಹಂಚಿಹೋಗಿ, 70 ಸದಸ್ಯರ ಸಭೆಯಲ್ಲಿ ಬಲಾಬಲ 43–27 ಆಯಿತು. ಆಗಸ್ಟ್ 22ರಂದು ಸಭೆಯು ಸ್ವಾತಂತ್ರ್ಯ ಕೋರಿ ನಿರ್ಣಯ ಅಂಗೀಕರಿಸಿತು.

ಆದರೂ ಒಡಕು ಶಮನವಾಗಲಿಲ್ಲ. 1968ರ ಜನವರಿಯಲ್ಲಿ ರಾಜಧಾನಿ ಪೋರ್ಟ್ ಲೂಯಿಯಲ್ಲಿ ಕೋಮುಗಲಭೆ ನಡೆಯಿತು. ಸಾವಿರಾರು ಜನ ವಲಸೆ ಹೋದರು. ಮಾರ್ಚ್ 12ರಂದು ಮಾರಿಷಸ್ ಸ್ವತಂತ್ರವಾಯಿತು. ಗಾಂಧೀಜಿಯವರು 1930ರಲ್ಲಿ ದಂಡಿಯಾತ್ರೆಗೆ ಹೊರಟ ದಿನವೂ ಅದೇ.

ಮುಂದಿನ ಬೆಳವಣಿಗೆ ವಾಣಿಜ್ಯ ದೃಷ್ಟಿಯಿಂದ ಹೆಚ್ಚು ಮುಖ್ಯವಾದುದು. 1969ರಲ್ಲಿ ರಾಮ್‌ಗುಲಾಮ್ ಅವರು ಎದುರಾಳಿ ಪಿ.ಎಂ.ಎಸ್.ಡಿ.ಯನ್ನೇ ಸರ್ಕಾರಕ್ಕೆ ಸೇರಿಸಿಕೊಂಡರು. ಡುವಾಲ್ ವಿದೇಶಾಂಗ ಸಚಿವರಾದರು. 1970ರಲ್ಲಿ ರಫ್ತು ಸಂಸ್ಕರಣಾ ವಲಯದ ಕಾಯಿದೆ ಜಾರಿಗೆ ಬಂದು, ಸಿದ್ಧ ಉಡುಪು ಉದ್ಯಮಕ್ಕೆ ದಾರಿ ತೆರೆಯಿತು. 1975ರ ಲೋಮೆ ಒಪ್ಪಂದದ ಸಕ್ಕರೆ ವಿಧಿಯು ಯುರೋಪಿನ ಮಾರುಕಟ್ಟೆಯನ್ನು ದೊರಕಿಸಿತು. ಮತದಾರರು ಅಂಜಿದ್ದ ನಷ್ಟ ಹೀಗೆ ತಪ್ಪಿತು.

ಈ ಹೊಂದಾಣಿಕೆಗೆ ಬೆಲೆಯನ್ನೂ ತೆರಬೇಕಾಯಿತು. ಮುಂದಿನ ಚುನಾವಣೆಯನ್ನು ಮುಂದೂಡಿ, 1976ರ ಡಿಸೆಂಬರ್‌ನಲ್ಲಷ್ಟೇ ನಡೆಸಲಾಯಿತು. ಆದರೂ, ಒಂದೇ ಸರಕನ್ನು ನಂಬಿದ ಸಣ್ಣ ದೇಶಕ್ಕೆ ಚುನಾವಣೆಯ ಗೆಲುವಿನಷ್ಟೇ ಸೋತವರ ವಿಶ್ವಾಸವೂ ಬಂಡವಾಳವೆಂಬುದನ್ನು ಮಾರಿಷಸ್‌ನ ಅನುಭವ ತೋರಿಸಿಕೊಡುತ್ತದೆ.