ಗುಂಡು ಹಾರಿಸದ ವೀರ

ಶೌರ್ಯವೆಂದೊಡನೆ ನಾವು ಆಯುಧವನ್ನು ನೆನೆಯುವುದು ವಾಡಿಕೆ. ವಿಲಿಯಂ ಕೋಲ್ಟ್‌ಮನ್ನನ ಚರಿತ್ರೆಯು ಈ ಭಾವನೆಯನ್ನು ತಿದ್ದುತ್ತದೆ. 1891ರಲ್ಲಿ ಇಂಗ್ಲೆಂಡಿನ ಸ್ಟಾಫರ್ಡ್‌ಷೈರಿನಲ್ಲಿ ಜನಿಸಿದ ಈತನು ವೃತ್ತಿಯಿಂದ ತೋಟಗಾರ. ಮೊದಲನೆಯ ಮಹಾಯುದ್ಧ ನಡೆಯುತ್ತಿರಲು, 1915ರಲ್ಲಿ ಸೈನ್ಯವನ್ನು ಸೇರಿದನು. ಆದರೆ ಕೊಲ್ಲುವುದಕ್ಕೆ ದೈವಭಕ್ತನಾದ ಆತನ ಮನಸ್ಸೊಪ್ಪದೆ, ಗಾಯಾಳುಗಳನ್ನು ಹೊರುವ ಕೆಲಸವನ್ನು ಕೈಕೊಂಡನು.

1918ರ ಅಕ್ಟೋಬರಿನಲ್ಲಿ ಫ್ರಾನ್ಸಿನ ಮ್ಯಾನೆಕ್ವಿನ್ ಗುಡ್ಡದಿಂದ ಪಡೆಯು ಹಿಂದೆಗೆದಾಗ, ಗಾಯಾಳುಗಳು ಅಲ್ಲಿಯೇ ಉಳಿದರೆಂದು ಕೇಳಿ, ಗುಂಡಿನ ಮಳೆಯೊಳಗೆ ಒಬ್ಬನೇ ಹೋಗಿ, ಮೂರು ಬಾರಿ ಸಂಗಡಿಗರನ್ನು ಬೆನ್ನಮೇಲೆ ಹೊತ್ತು ತಂದನು; ಬಳಿಕ 48 ಗಂಟೆಗಳ ಕಾಲ ಎಡೆಬಿಡದೆ ಶುಶ್ರೂಷೆಮಾಡಿದನು. ವಿಕ್ಟೋರಿಯಾ ಕ್ರಾಸ್ ಸೇರಿ ಐದು ಶೌರ್ಯಪ್ರಶಸ್ತಿಗಳು ಆತನಿಗೆ ಸಂದವು. ಆ ಯುದ್ಧದಲ್ಲಿ ಅಧಿಕಾರಿಗಳಲ್ಲದ ಬ್ರಿಟಿಷ್ ಯೋಧರೊಳಗೆ ಇಷ್ಟು ಮನ್ನಣೆ ಪಡೆದವರು ಬೇರೊಬ್ಬರಿಲ್ಲ. ಆತನು ಹಾರಿಸಿದ ಗುಂಡು ಒಂದೂ ಇಲ್ಲ.

ಯುದ್ಧಾನಂತರ ತೋಟದ ಕೆಲಸಕ್ಕೇ ಮರಳಿ, 1974ರಲ್ಲಿ ಕಾಲವಶನಾದನು. ಕಾದುವವನಂತೆ ಕಾಯುವವನೂ ವೀರನೆಂದು ನಾವು ಒಪ್ಪಬೇಡವೆ?