ಇಂಜಿನಿಯರಿಂಗ್ ಬಿಟ್ಟರು, ಕಲಿಕೆ ಬಿಡಲಿಲ್ಲ: ಬೆಳಗಾವಿಯಲ್ಲಿ ಹುಟ್ಟಿದ ನಟ ಅತುಲ್ ಕುಲಕರ್ಣಿ

ಬೆಳಗಾವಿಯಿಂದ ಖಾನಾಪುರದ ರಸ್ತೆ ಹಿಡಿದು ಹೊರಟರೆ ಸಿಗುವುದು ಉದ್ಯಮಬಾಗ. ಫೌಂಡ್ರಿಗಳು, ಲೇತ್ ಯಂತ್ರಗಳ ಸದ್ದು, ಬಿಡಿಭಾಗ ತಯಾರಿಸುವ ಸಣ್ಣ ಸಣ್ಣ ಕಾರ್ಖಾನೆಗಳು. 1979ರಲ್ಲಿ ಆರಂಭವಾದ ಗೋಗಟೆ ಇಂಜಿನಿಯರಿಂಗ್ ಶಿಕ್ಷಣ ಸಂಸ್ಥೆಯೂ ಇಲ್ಲೇ ಇದೆ. ಇಂಥ ಕಾಲೇಜಿಗೆ ಸೇರಿದ ಮಗ ಅಥವಾ ಮಗಳು ಒಂದು ದಿನ ಮನೆಗೆ ಬಂದು, "ಅಪ್ಪಾ, ಇದು ನನಗೆ ಬೇಡ, ನಾನು ನಾಟಕ ಕಲಿಯುತ್ತೇನೆ" ಎಂದರೆ ನಾವು ಏನು ಹೇಳುತ್ತೇವೆ? ನಮ್ಮಲ್ಲಿ ಹೆಚ್ಚಿನವರು ಬೈಯುತ್ತೇವೆ ಅಥವಾ ಅಳುತ್ತೇವೆ.

ಇದೇ ಬೆಳಗಾವಿಯಲ್ಲಿ 1965ರ ಸೆಪ್ಟೆಂಬರ್ 10ರಂದು ಜನಿಸಿದ ಅತುಲ್ ಕುಲಕರ್ಣಿಯವರ ಬದುಕಿನ ದಾರಿಯೂ ಹೀಗೆಯೇ ತಿರುಗಿತು. ಮರಾಠಿ ಮನೆಮಾತಿನ ಕುಟುಂಬ. ಶಾಲೆ ಸೊಲ್ಲಾಪುರದಲ್ಲಿ. ಪುಣೆಯಲ್ಲಿ ಇಂಜಿನಿಯರಿಂಗ್‌ಗೆ ಸೇರಿದರೂ ಅದರಲ್ಲಿ ಮನಸ್ಸು ನಿಲ್ಲಲಿಲ್ಲ. ಅರ್ಧಕ್ಕೇ ಬಿಟ್ಟು ಸೊಲ್ಲಾಪುರಕ್ಕೆ ಮರಳಿ ಇಂಗ್ಲಿಷ್ ಸಾಹಿತ್ಯದಲ್ಲಿ ಪದವಿ ಪಡೆದರು. ಅಲ್ಲಿನ 'ನಾಟ್ಯ ಆರಾಧನಾ' ತಂಡದಲ್ಲಿ ರಂಗದ ಕೆಲಸ ಕಲಿತರು. ಬಳಿಕ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ತರಬೇತಿ ಪಡೆದು 1995ರಲ್ಲಿ ಹೊರಬಂದರು. ಆಗ ಅವರಿಗೆ ಮೂವತ್ತು ವರ್ಷ.

ಈ ವಯಸ್ಸನ್ನು ನಾವು ಗಮನಿಸಬೇಕು. ಓರಗೆಯವರು ನೌಕರಿ ಹಿಡಿದು ಸಂಸಾರ ಹೂಡುವ ಹೊತ್ತಿನಲ್ಲಿ ಅವರು ಇನ್ನೂ ವಿದ್ಯಾರ್ಥಿಯಾಗಿದ್ದರು. ಒಂದು ಓದನ್ನು ಬಿಟ್ಟರೇ ಹೊರತು ಓದುವುದನ್ನೇ ಬಿಡಲಿಲ್ಲ.

ಗಾಂಧಿಯೂ ಹೌದು, ಗಾಂಧಿಯ ವೈರಿಯೂ ಹೌದು

ಗಾಂಧೀಜಿ ಮತ್ತು ಅವರ ಹಿರಿಯ ಮಗ ಹರಿಲಾಲರ ನಡುವಿನ ನೋವಿನ ಸಂಬಂಧವನ್ನು ಕುರಿತ 'ಗಾಂಧಿ ವಿರುದ್ಧ ಗಾಂಧಿ' ಎಂಬ ಮರಾಠಿ ನಾಟಕದಲ್ಲಿ ಅತುಲ್ ಗಾಂಧಿಯಾದರು. ಕೆಲವೇ ವರ್ಷಗಳಲ್ಲಿ, 2000ದಲ್ಲಿ ತೆರೆಕಂಡ ಕಮಲಹಾಸನ್ ಅವರ 'ಹೇ ರಾಮ್' ಚಿತ್ರದಲ್ಲಿ, ಗಾಂಧೀಜಿಯನ್ನು ಕೊಲ್ಲಲು ನಾಯಕನನ್ನು ಪ್ರೇರೇಪಿಸುವ ಶ್ರೀರಾಮ ಅಭ್ಯಂಕರ್ ಆದರು. ಆ ಪಾತ್ರಕ್ಕೆ ಅತ್ಯುತ್ತಮ ಪೋಷಕ ನಟ ರಾಷ್ಟ್ರಪ್ರಶಸ್ತಿ ಬಂತು. ಮುಂದೆ 'ಚಾಂದನಿ ಬಾರ್' (2001) ಚಿತ್ರದ ಭೂಗತ ಜಗತ್ತಿನ ಪೋತ್ಯಾ ಸಾವಂತ್ ಪಾತ್ರಕ್ಕೆ ಅದೇ ಪ್ರಶಸ್ತಿ ಮತ್ತೊಮ್ಮೆ ಅವರಿಗೆ ಒಲಿಯಿತು.

ಬಹುಮುಖ ನಟ ಎಂಬ ಮಾತನ್ನು ನಾವು ಧಾರಾಳವಾಗಿ ಬಳಸುತ್ತೇವೆ. ಅದರ ನಿಜವಾದ ಅರ್ಥ ಇಲ್ಲಿದೆ. ತನಗೆ ಒಪ್ಪಿಗೆಯಾಗದ ಮನುಷ್ಯನ ಒಳಗನ್ನೂ ಅರಿತು, ಅವನನ್ನು ಗೇಲಿ ಮಾಡದೆ ಜನರ ಮುಂದೆ ನಿಲ್ಲಿಸುವುದು. 'ದಹಾವೀ ಫ' (2002) ಚಿತ್ರದಲ್ಲಿ ದಡ್ಡರೆಂದು ಬೇರೆಯಾಗಿ ಕೂರಿಸಿದ ಮಕ್ಕಳ ಮೇಲೆ ನಂಬಿಕೆಯಿಡುವ ಶಿಕ್ಷಕ, 'ದೇವರಾಯಿ' (2004) ಚಿತ್ರದಲ್ಲಿ ಸ್ಕಿಜೋಫ್ರೇನಿಯಾ ಎಂಬ ಮನೋರೋಗಕ್ಕೆ ತುತ್ತಾದವನು, 'ವಳೂ' (2008) ಚಿತ್ರದಲ್ಲಿ ಪುಂಡ ಗೂಳಿಯನ್ನು ಹಿಡಿಯಲು ಹಳ್ಳಿಗೆ ಬರುವ ಅರಣ್ಯಾಧಿಕಾರಿ. ಒಬ್ಬರ ನೆರಳು ಇನ್ನೊಬ್ಬರ ಮೇಲೆ ಬೀಳುವುದಿಲ್ಲ.

2010ರ 'ನಟರಂಗ' ಚಿತ್ರಕ್ಕಾಗಿ ಅವರು ಮೊದಲು ಕುಸ್ತಿಪಟುವಿನಂತೆ ಮೈ ಬೆಳೆಸಿ, ನಂತರ ಇಳಿಸಿದರು. ಕೂಲಿಕಾರ ಗುಣಾ ತಮಾಷಾ ಕಲೆಯ ಮೇಲಿನ ಪ್ರೀತಿಗಾಗಿ ಹೆಣ್ಣಿಗನ ವೇಷ ಹಾಕುತ್ತಾನೆ. ಊರು ನಗುತ್ತದೆ, ಮನೆಯವರೂ ದೂರ ಸರಿಯುತ್ತಾರೆ. ಕಲೆಯನ್ನು ನೋಡಿ ಚಪ್ಪಾಳೆ ತಟ್ಟುವ ಜನ ಕಲಾವಿದನನ್ನು ಹೇಗೆ ನಡೆಸಿಕೊಳ್ಳುತ್ತಾರೆ ಎಂಬ ಪ್ರಶ್ನೆಯನ್ನು ಆ ಚಿತ್ರ ನಮ್ಮ ಮುಂದಿಡುತ್ತದೆ.

ಕನ್ನಡದ ನಂಟು

ಬೆಳಗಾವಿಯ ಹೆಸರು ಬಂದರೆ ಭಾಷೆಯ ಜಗಳವೇ ಹಲವರಿಗೆ ನೆನಪಾಗುತ್ತದೆ. ಆದರೆ ಇಲ್ಲಿ ಹುಟ್ಟಿದ ಈ ಮರಾಠಿ ನಟ ತೆರೆಗೆ ಬಂದದ್ದು 1997ರ ಕನ್ನಡ ಚಿತ್ರ 'ಭೂಮಿಗೀತ'ದ ಮೂಲಕ. 2007ರಲ್ಲಿ ಕೆ.ಎಂ. ಚೈತನ್ಯ ನಿರ್ದೇಶನದ 'ಆ ದಿನಗಳು' ಚಿತ್ರದಲ್ಲಿ ಶ್ರೀಧರನ ಪಾತ್ರ ಮಾಡಿದರು. 2012ರಲ್ಲಿ 'ಎದೆಗಾರಿಕೆ' ಬಂತು. ಮರಾಠಿ, ಹಿಂದಿಯಲ್ಲದೆ ತಮಿಳು, ತೆಲುಗು, ಮಲಯಾಳಂ ಚಿತ್ರಗಳಲ್ಲೂ ಅವರು ನಟಿಸಿದ್ದಾರೆ. 'ರಂಗ್ ದೇ ಬಸಂತಿ' (2006) ಚಿತ್ರದಲ್ಲಿ ಇಂದಿನ ಯುವಕನಾಗಿಯೂ, ಕ್ರಾಂತಿಕಾರಿ ರಾಮಪ್ರಸಾದ್ ಬಿಸ್ಮಿಲ್ ಆಗಿಯೂ ಅವರನ್ನು ನಾವು ಕಂಡಿದ್ದೇವೆ.

ಮನೆಯಲ್ಲೇ ಕುಳಿತು ನೋಡುವ ಧಾರಾವಾಹಿಗಳಲ್ಲೂ ಅವರು ಹಿಂದೆ ಬಿದ್ದಿಲ್ಲ. 2019, 2021 ಮತ್ತು 2023ರಲ್ಲಿ ಮೂರು ಕಂತುಗಳಾಗಿ ಬಂದ 'ಸಿಟಿ ಆಫ್ ಡ್ರೀಮ್ಸ್' ವೆಬ್ ಸರಣಿಯಲ್ಲಿ ಅಧಿಕಾರಕ್ಕಾಗಿ ಮಕ್ಕಳೊಡನೆಯೇ ಸೆಣಸುವ ರಾಜಕಾರಣಿ ಅವರು. 2022ರ 'ಲಾಲ್ ಸಿಂಗ್ ಚಡ್ಢಾ' ಚಿತ್ರಕ್ಕೆ ಚಿತ್ರಕಥೆ ಬರೆದವರೂ ಅವರೇ. ಹಳ್ಳಿಯ ಹಾಗೂ ಆದಿವಾಸಿ ಮಕ್ಕಳ ಕಲಿಕೆಗಾಗಿ ಮಹಾರಾಷ್ಟ್ರದಲ್ಲಿ ಕೆಲಸ ಮಾಡುವ 'ಕ್ವೆಸ್ಟ್' ಸಂಸ್ಥೆಯ ಅಧ್ಯಕ್ಷರಾಗಿಯೂ ಅವರು ದುಡಿದಿದ್ದಾರೆ.

ಹಾಗೆಂದು ಇಂಜಿನಿಯರಿಂಗ್ ಬಿಟ್ಟವರೆಲ್ಲ ಅತುಲ್ ಕುಲಕರ್ಣಿ ಆಗುತ್ತಾರೆಂದು ನಾವು ಹೇಳುತ್ತಿಲ್ಲ. ಉದ್ಯಮಬಾಗದಲ್ಲಿ ಲೇತ್ ಮುಂದೆ ನಿಂತು ಕಬ್ಬಿಣವನ್ನು ನೂಲಿನಷ್ಟೂ ತಪ್ಪಿಲ್ಲದಂತೆ ಕಡೆಯುವವನಿಗೂ ಕಲಿಕೆ ಬೇಕು, ರಂಗದ ಮೇಲೆ ನಿಲ್ಲುವವನಿಗೂ ಬೇಕು. ನಮ್ಮ ಮಗು "ಇದು ಬೇಡ" ಎಂದಾಗ ಕೂಡಲೇ ಸಿಟ್ಟಾಗದೆ, "ಹಾಗಾದರೆ ಯಾವುದು ಬೇಕು? ಅದನ್ನು ಕಲಿಯಲು ಎಷ್ಟು ವರ್ಷ ಕೊಡುತ್ತೀಯಾ?" ಎಂದು ಕೇಳೋಣ. ಮಗುವಿನ ಬಳಿ ಉತ್ತರವಿದ್ದರೆ ಆ ವರ್ಷಗಳಲ್ಲಿ ಜೊತೆಗೆ ನಿಲ್ಲೋಣ.